ಗಿಡುಗಗಳು ಇಳಿಯುತ್ತಿದ್ದ ಹುಲ್ಲು

ದೀಪಾವಳಿ ಮುಗಿದು ಹಿಂಗಾರಿ ಜೋಳ ಮೊಳಕಾಲೆತ್ತರ ಬರುವ ಹೊತ್ತಿಗೆ ಸಂತೆಕಲ್ಲೂರಿನ ನಮ್ಮ ಹೊಲಕ್ಕೆ ಗಿಡುಗಗಳು ಬರುತ್ತಿದ್ದವು. ಒಂದಲ್ಲ ಎರಡಲ್ಲ, ಬಡಗಲ ಕಡೆಯಿಂದ ಹಿಂಡು ಹಿಂಡಾಗಿ. ಹಗಲೆಲ್ಲ ಮಿಡತೆ, ಇಲಿ ಹಿಡಿದು ತಿಂದು, ಹೊತ್ತು ಮುಳುಗುವಾಗ ನಮ್ಮ ಹುಲ್ಲಿನ ಹೊಲದಲ್ಲಿ ನೆಲದ ಮೇಲೆಯೇ ಕೂರುತ್ತಿದ್ದವು. ಗಿಡುಗ ಮರದ ತುದಿಯಲ್ಲೇ ಮಲಗುತ್ತದೆ ಎನ್ನುವವರು ಇವನ್ನು ನೋಡಿಲ್ಲ. ಮಿಡತೆ ತಿಂದು ಬೆಳೆ ಕಾಯುವ ಹಕ್ಕಿ ಎಂದು, ಅವು ತಿರುಗಿ ಹೋಗುವ ತನಕ ಅಪ್ಪ ಆ ಹುಲ್ಲಿಗೆ ಕುಡುಗೋಲು ಹಾಕಿಸುತ್ತಿರಲಿಲ್ಲ. ಊರವರು ನಗುತ್ತಿದ್ದರು. ಅಪ್ಪ ಕಿವಿಗೆ ಹಾಕಿಕೊಳ್ಳುತ್ತಿರಲಿಲ್ಲ.

ಸಂಜೆ ಎಮ್ಮೆ ಹೊಡೆದುಕೊಂಡು ಆ ಹುಲ್ಲಿನ ಬದುವಿನ ಮೇಲೆ ಬರುವವಳು ನಾನು. ಮದುವೆ ಗೊತ್ತಾಗಿದ್ದ ವರ್ಷ ಅದು. ಹಕ್ಕಿಗಳಿಗೆ ನಾನು ರೂಢಿಯಾಗಿಬಿಟ್ಟಿದ್ದೆ. ಹತ್ತು ಮಾರು ದೂರದಲ್ಲಿ ಹಾದರೂ ಕತ್ತು ತಿರುಗಿಸಿ ನೋಡಿ ಸುಮ್ಮನಾಗುತ್ತಿದ್ದವು. ಬೇರೆ ಯಾರೇ ಬಂದರೂ ಎದ್ದೇಬಿಡುತ್ತಿದ್ದವು. ನನಗೆ ಅದೊಂದು ಭಾರೀ ಜಂಬ. ಆ ಜಂಬವನ್ನು ಹೇಳಿಕೊಂಡದ್ದು ಅಣ್ಣನ ಹತ್ತಿರ ಮಾತ್ರ.

ಅಣ್ಣ ಆಗ ನೌಕರಿಗಾಗಿ ಲಿಂಗಸುಗೂರಿನ ಕಚೇರಿಗೆ ಚಪ್ಪಲಿ ಸವೆಸುತ್ತಿದ್ದ. ನಿಜಾಮರ ಕಾಲ. ಉರ್ದು ಓದಿದರೆ ಸಾಲದು, ದೊಡ್ಡ ಸಾಹೇಬರ ಕಣ್ಣಿಗೆ ಬೀಳಬೇಕಿತ್ತು. ಅಪ್ಪ ಎರಡು ದಿನ ಮಸ್ಕಿಗೆ ಹೋಗಿದ್ದಾಗ, ಒಂದು ಸಂಜೆ ಅಣ್ಣ ಆ ಸಾಹೇಬರನ್ನೂ ಅವರ ಮನೆಗೆ ಬಂದಿದ್ದ ಇಬ್ಬರು ಮೆಹಮಾನರನ್ನೂ ಹೊಲಕ್ಕೆ ಕರೆತಂದ. ಮೂವರ ಹೆಗಲಲ್ಲೂ ಬಂದೂಕು.

"ಯಣ್ಣಾ, ಬಂದೂಕ ಯಾಕ?" ಎಂದೆ.

"ಸಾಹೇಬ್ರು ಅಂದ್ಮ್ಯಾಲ ಬಂದೂಕ ಇರ್ತಾವವಾ. ಹಕ್ಕಿ ನೋಡಾಕ ಬಂದಾರ, ಅಷ್ಟ. ನೀ ಮುಂದ ನಡಿ, ನಾವು ಹಿಂದ ಬರ್ತೀವಿ."

ನಡೆದೆ. ಹಕ್ಕಿಗಳು ನನ್ನನ್ನು ನೋಡಿ ಎಂದಿನಂತೆ ಕೂತೇ ಇದ್ದವು. ನನ್ನ ಬೆನ್ನ ಹಿಂದಿನಿಂದಲೇ ಬಂದೂಕು ಹಾರಿದವು. ಕಿವಿ ಮುಚ್ಚಿಕೊಂಡು ಕುಸಿದು ಕೂತೆ. ರೆಕ್ಕೆ ಮುರಿದ ಒಂದು ಹಕ್ಕಿ ತೆವಳುತ್ತ ನನ್ನ ಕಾಲ ಹತ್ತಿರವೇ ಬಂತು. ಹಿಂದೆ ಅಣ್ಣ ನಗುತ್ತಿದ್ದ.

"ನಮ್ಮ ತಂಗಿನ್ನ ಕಂಡ್ರ ಅವು ಏಳಂಗಿಲ್ರಿ ಸಾಹೇಬ್ರ. ಅದಕ್ಕ ಆಕಿನ್ನ ಮುಂದ ಬಿಟ್ಟೆ. ನಾಳೆನೂ ಬರ್ರಿ."

ಮನೆಯಲ್ಲಿ ನಾನು ಅಳುವುದನ್ನು ನೋಡಿ ಅಣ್ಣ, "ತಿನ್ನಾಕ ಬರಂಗಿಲ್ಲ, ಸಾಕಾಕ ಬರಂಗಿಲ್ಲ. ಆ ಹಕ್ಕಿಗ್ಯಾಕ ಇಷ್ಟು ಅಳಾಕತ್ತೀ?" ಎಂದ. ಹಕ್ಕಿ ಸತ್ತದ್ದಕ್ಕಿಂತ, ಒಡಹುಟ್ಟಿದವನು ನನ್ನನ್ನು ಮುಂದೆ ಬಿಟ್ಟು ಬೇಟೆಯಾಡಿಸಿದ್ದು ನನ್ನ ಎದೆ ಕೊರೆಯುತ್ತಿತ್ತು. ಮುಂದೆ ಅವನಿಗೆ ನೌಕರಿಯೂ ಆಯಿತು. ನಾನು ಇವತ್ತಿಗೂ ಕ್ಷಮಿಸಿಲ್ಲ. ಅಷ್ಟು ದೊಡ್ಡ ಮನಸ್ಸು ನನಗಿಲ್ಲ, ಇರಬೇಕೆಂದೂ ಅನಿಸಿಲ್ಲ.

ಮರುದಿನ ಮಧ್ಯಾಹ್ನ ಒಲೆಯ ಕೆಂಡ ಒಯ್ದು ಆ ಹುಲ್ಲಿಗೆ ನಾನೇ ಬೆಂಕಿ ಇಟ್ಟೆ. ಎತ್ತಿನ ಮೇವೆಲ್ಲ ಹೋಯಿತೆಂದು ಅವ್ವ ಬಾಯಿ ಬಡಿದುಕೊಂಡಳು. ಹುಲ್ಲಿಲ್ಲದ ಮೇಲೆ ಹಕ್ಕಿ ಇಳಿಯುವುದಿಲ್ಲ, ಸಾಹೇಬರು ಬಂದರೂ ಕರಿ ನೆಲ ನೋಡಿಕೊಂಡು ಹೋಗಲಿ ಎಂದುಕೊಂಡಿದ್ದೆ.

ಹೊತ್ತು ಇಳಿಯುವಾಗ ಗಿಡುಗಗಳು ಬಂದವು. ಸುಟ್ಟ ನೆಲದ ಮೇಲೆ ಸುತ್ತು ಹಾಕಿದವು, ಮತ್ತೆ ಮತ್ತೆ ಹಾಕಿದವು. ನಾನು ತೊಗರಿ ಸಾಲಿನೊಳಗೆ ಮುಖಕ್ಕೆ ಸೆರಗು ಮುಚ್ಚಿಕೊಂಡು ಅಡಗಿ ಕೂತಿದ್ದೆ. ನನ್ನನ್ನು ಕಂಡರೆ ಭಯವಿಲ್ಲವೆಂದು ಇಳಿದುಬಿಟ್ಟಾವು ಎಂದು ಹೆದರಿಕೆಯಾಗಿತ್ತು.