ಸೇತುವೆಯ ಮೇಲೆ ನಿಂತ ತಪ್ಪಿಗೆ

ಐವತ್ತಮೂರು ವರ್ಷಗಳಲ್ಲಿ ನನ್ನ ಫೋಟೋ ಚೆನ್ನಾಗಿ ಬಂದದ್ದು ಒಂದೇ ಸಲ, ಅದನ್ನು ತೆಗೆದವರು ಪೊಲೀಸರು. ಮದುವೆಯ ಆಲ್ಬಮ್ಮಿನಲ್ಲಿ ಕಣ್ಣು ಮುಚ್ಚಿದ್ದೇನೆ, ಆಧಾರ್ ಕಾರ್ಡಿನಲ್ಲಿ ಈಗಷ್ಟೇ ಯಾರನ್ನೋ ಹೊಡೆದು ಬಂದವಳಂತಿದ್ದೇನೆ, ಶಾಲೆಯ ಗ್ರೂಪ್ ಫೋಟೋಗಳಲ್ಲಿ ಸದಾ ಹೆಡ್‌ಮಾಸ್ಟರರ ಹೆಗಲ ಹಿಂದೆ ಅರ್ಧಚಂದ್ರ. ಮೊಬೈಲಿಗೆ ಬಂದ ದಂಡದ ನೋಟಿಸಿನ ಚಿತ್ರದಲ್ಲಿ ಮಾತ್ರ ನಾನು ಸೇತುವೆಯ ಕಟಕಟೆಗೆ ಮೊಣಕೈ ಊರಿ, ಸೆರಗನ್ನು ಗಾಳಿಗೆ ಬಿಟ್ಟು, ದಿಗಂತವನ್ನು ನಿರುಕಿಸುತ್ತ ನಿಂತಿದ್ದೆ. ಪಕ್ಕದಲ್ಲಿ ಬಾಗಿಲು ತೆರೆದ ನನ್ನ ಬಿಳಿ ಕಾರು. ಕೆಳಗೆ ಅಪರಾಧದ ಹೆಸರು: ಸೇತುವೆಯ ಮೇಲೆ ವಾಹನ ನಿಲುಗಡೆ.

"ಚಂದ ಬಂದೈತಿ ಬಿಡು," ಎಂದರು ನಮ್ಮ ಮನೆಯವರು, ಚಾಳೀಸು ಏರಿಸಿಕೊಂಡು. "ದಂಡ ಕಟ್ಟಿ, ಇದರದೊಂದು ದೊಡ್ಡ ಪ್ರಿಂಟ್ ತಗಸೂಣು."

ನನಗೆ ನಗು ಬರಲಿಲ್ಲ. ಬ್ಯಾಂಕಿನ ಕೌಂಟರಿನ ಹಿಂದೆ ಮೂವತ್ತು ವರ್ಷ ಕೂತು ನಿವೃತ್ತರಾದ ಅವರಿಗೆ ಯಾವುದಕ್ಕೂ ಸಿಟ್ಟು ಬರುವುದಿಲ್ಲ; ಮನೆಯ ಪಾಲಿನ ಸಿಟ್ಟನ್ನೆಲ್ಲ ನಾನೊಬ್ಬಳೇ ನಿರ್ವಹಿಸಬೇಕು. ಬಸವನ ಬಾಗೇವಾಡಿಯಿಂದ ಹೂವಿನ ಹಿಪ್ಪರಗಿಗೆ ದಿನಾ ಹೋಗಿ ಹೈಸ್ಕೂಲಿನಲ್ಲಿ ಕನ್ನಡ ಕಲಿಸುವವಳು ನಾನು. ಕಾರು ಕಲಿತದ್ದು ನಲವತ್ತೆಂಟನೆಯ ವಯಸ್ಸಿಗೆ. ಡ್ರೈವಿಂಗ್ ಸ್ಕೂಲಿನವರು ಕೊಟ್ಟ ನಿಯಮಗಳ ಪುಸ್ತಿಕೆಯನ್ನು ನಾನು ವ್ಯಾಕರಣದಂತೆ ಬಾಯಿಪಾಠ ಮಾಡಿದ್ದೆ. ಅದರಲ್ಲಿದ್ದ ಎರಡು ಕಾಗುಣಿತದ ತಪ್ಪುಗಳನ್ನು ಕೆಂಪು ಶಾಯಿಯಲ್ಲಿ ತಿದ್ದಿ ಅವರಿಗೇ ಮರಳಿಸಿದ್ದೆ. ಸೇತುವೆಯ ಮೇಲೆ, ತಿರುವಿನಲ್ಲಿ, ದಿಬ್ಬದ ನೆತ್ತಿಯಲ್ಲಿ ವಾಹನ ನಿಲ್ಲಿಸಕೂಡದು. ನನ್ನ ಮಟ್ಟಿಗೆ ಇದು ಸವರ್ಣದೀರ್ಘ ಸಂಧಿಯಷ್ಟೇ ಅನುಲ್ಲಂಘನೀಯ. ಕೃಷ್ಣೆಯ ಉದ್ದನೆಯ ಸೇತುವೆಯ ನಟ್ಟನಡುವೆ ಕಾರು ನಿಲ್ಲಿಸಿ, ಪೂಜೆಯ ಒಣ ಹೂವನ್ನು ಪ್ಲಾಸ್ಟಿಕ್ ಚೀಲ ಸಮೇತ ಹೊಳೆಗೆ ಎಸೆಯುವ ಭಕ್ತಾದಿಗಳಿಗೆ, ಗಾಜು ಇಳಿಸಿ, ನದಿಯ ಬಗ್ಗೆಯೂ ನಿಯಮದ ಬಗ್ಗೆಯೂ ಎರಡು ಮಾತು ಹೇಳದೆ ನಾನು ಮುಂದೆ ಹೋದದ್ದಿಲ್ಲ. ಅಂಥ ನನಗೆ ಈ ನೋಟಿಸು.

ನಡೆದದ್ದು ಇಷ್ಟು. ಜನವರಿಯ ಬೆಳಿಗ್ಗೆ, ಶಾಲೆಗೆ ಹೊರಟಿದ್ದೆ. ದಾರಿಯಲ್ಲಿ ಹಳ್ಳಕ್ಕೊಂದು ಸಪೂರ ಸೇತುವೆ. ಅರ್ಧ ದಾಟಿದ್ದೆನೇನೋ, ಆ ತುದಿಯಿಂದ ಕುರಿಹಿಂಡು ಒಮ್ಮೆಲೇ ಮೇಲೇರಿ ಬಂತು. ನೂರಕ್ಕೆ ಕಡಿಮೆ ಇರಲಿಲ್ಲ. ಹಿಂಡಿನ ಮುಂದೆ ಒಬ್ಬ ಹೆಂಗಸು ಸೆರಗಿನ ತುದಿಯನ್ನು ಬಾವುಟದಂತೆ ಬೀಸುತ್ತ, ನಿಲ್ಲು ನಿಲ್ಲು ಎನ್ನುತ್ತಿದ್ದಳು. ನಾನು ಎಡಕ್ಕೆ ಒತ್ತಿ ನಿಲ್ಲಿಸಿ ಎಂಜಿನ್ ಆರಿಸಿದೆ. ಕುರಿಗಳು ಕಾರಿನ ಪಕ್ಕದಲ್ಲಿ ಒಂದನ್ನೊಂದು ದಬ್ಬುತ್ತ ಹರಿದು ಹೋದವು. ಕೊನೆಯ ಕುರಿ ದಾಟಿದ ಮೇಲೆ ನಾನು ಕೆಳಗಿಳಿದು, ಬಾಗಿಲಿಗೇನಾದರೂ ಗೀರು ಬಿತ್ತೇ ಎಂದು ನೋಡಿ, ಅಷ್ಟಕ್ಕೇ ಸುಮ್ಮನಾಗದೆ ಅರ್ಧ ನಿಮಿಷ ಕಟಕಟೆಗೆ ಒರಗಿ ನಿಂತೆ. ಸುಳ್ಳು ಹೇಳಲಾರೆ, ನಿಂತೆ. ಬಿಸಿಲು ಎಳೆಯದಿತ್ತು, ಹಳ್ಳದಲ್ಲಿ ಸ್ವಲ್ಪ ನೀರಿತ್ತು.

ಸೇತುವೆಯ ಈ ತುದಿಯಲ್ಲಿದ್ದ ಪೇದೆ ಆಗಲೇ ಫೋನು ಎತ್ತಿದ್ದ. ನನ್ನನ್ನು ದಾಟಿದ ಹಿಂಡು ನೇರ ಅವನ ಮೇಲೆಯೇ ಹೋಗಿತ್ತು. ಅವನ ಮೊಳಕಾಲ ಸುತ್ತ ಕುರಿಗಳು ತುಂಬಿಕೊಂಡದ್ದನ್ನು ನಾನೇ ಹೊರಳಿ ನೋಡಿದ್ದೆ. ಅವುಗಳ ತಲೆಯ ಮೇಲಿಂದ ಕೈ ಚಾಚಿ ಅವನು ಕ್ಲಿಕ್ಕಿಸಿದ್ದ. ಹಾಗಾಗಿ ಚಿತ್ರದಲ್ಲಿ ನಾನಿದ್ದೇನೆ, ಕಾರಿದೆ, ದಿಗಂತವಿದೆ. ಕುರಿ ಒಂದೂ ಇಲ್ಲ.

ಮೊತ್ತ ದೊಡ್ಡದಲ್ಲ. ಆದರೆ ಹೋದ ಮಳೆಗಾಲದಲ್ಲಿ ಅದೇ ಹಳ್ಳ ತುಂಬಿದಾಗ, ಯಾರೋ ದೊಡ್ಡವರು ಅದೇ ಸೇತುವೆಯ ಮೇಲೆ ಹತ್ತು ಕಾರು ಸಾಲಾಗಿ ನಿಲ್ಲಿಸಿ, ನೀರಿಗೆ ಬಾಗಿನ ಬಿಟ್ಟು, ನಾಲ್ಕೂ ದಿಕ್ಕಿಗೆ ತಿರುಗಿ ಫೋಟೋ ತೆಗೆಸಿಕೊಳ್ಳುವವರೆಗೆ ಇದೇ ಪೇದೆ ನಮ್ಮನ್ನೆಲ್ಲ ಅರ್ಧ ತಾಸು ತಡೆದು ನಿಲ್ಲಿಸಿದ್ದು ನನಗೆ ನೆನಪಿತ್ತು. ಆ ಹತ್ತು ಕಾರುಗಳಿಗೆ ನೋಟಿಸು ಹೋಗಿರಲಿಕ್ಕಿಲ್ಲ. ನನ್ನ ಸಿಟ್ಟು ಅಲ್ಲಿಂದ ಕುದಿಯತೊಡಗಿತು.

ಸ್ಟೇಷನ್ನಿಗೆ ಹೋದೆ. ಮನೆಯವರು ಜೊತೆಗೆ ಬಂದರು, ನನ್ನ ರಕ್ಷಣೆಗಲ್ಲ, ಪೊಲೀಸರ ರಕ್ಷಣೆಗೆ. ಮೇಜಿನಾಚೆಯ ಸಾಹೇಬರು ತರುಣರು, ಮಾತು ಮೆತ್ತಗೆ. ನನ್ನ ವೃತ್ತಾಂತವನ್ನೆಲ್ಲ ಕೇಳಿ ಚಿತ್ರವನ್ನು ಹಿಗ್ಗಿಸಿ ನೋಡಿದರು.

"ಕುರಿ ಎಲ್ಲಿ ಅದಾವ್ರಿ ಮೇಡಂ? ಒಂದೂ ಕಾಣವಲ್ಲವು."

"ಫೋಟೋ ತಗದವರನ್ನ ಕೇಳ್ರಿ."

ಪೇದೆಯನ್ನು ಕರೆಸಿದರು. ಅವನು ಕಿಟಕಿಯ ಕಡೆ ನೋಡುತ್ತ, "ನೆನಪಿಲ್ರಿ ಸರ್. ದಿನಾ ಎಷ್ಟೋ ಗಾಡಿ ನೋಡ್ತೀವಿ," ಎಂದ.

"ಗಾಡಿ ಅಲ್ಲ, ಕುರಿ," ಎಂದೆ.

"ಕುರೀನೂ ನೆನಪಿಲ್ರಿ."

ಸಾಹೇಬರು ಫೋನನ್ನು ನನ್ನತ್ತ ಸರಿಸಿದರು. "ಸಾಕ್ಷಿ ಇದ್ರ ಕರಕೊಂಡು ಬರ್ರಿ. ಇಲ್ಲಾಂದ್ರ ಕೋರ್ಟಿಗೆ ಹೋಗ್ರಿ. ಅದೂ ಬ್ಯಾಡಂದ್ರ ಕಟ್ಟಿಬಿಡ್ರಿ. ಎಲ್ಲಾರೂ ಕಟ್ತಾರ."

ಸೇತುವೆಯದಕ್ಕೂ ನ್ಯಾಯಾಲಯದ್ದಕ್ಕೂ ಕನ್ನಡದಲ್ಲಿ ಕಟಕಟೆ ಎಂಬ ಒಂದೇ ಪದವಿರುವುದು ಭಾಷೆಯ ಬಡತನವೆಂದು ನಾನು ತಿಳಿದಿದ್ದೆ. ಅದು ದೂರದೃಷ್ಟಿ ಎಂದು ಆ ದಿನ ಅರಿವಾಯಿತು. "ಎಲ್ಲಾರೂ ಕಟ್ತಾರ" ಎಂಬ ಎರಡು ಪದಗಳು ನನ್ನನ್ನು ಎರಡು ವಾರ ಊಟ ಮಾಡಲು ಬಿಡಲಿಲ್ಲ. ಮೋಟಾರು ವಾಹನ ಕಾನೂನನ್ನು ಮೊಬೈಲಿಗೆ ಇಳಿಸಿಕೊಂಡು, ಶಬ್ದಕೋಶ ಪಕ್ಕದಲ್ಲಿಟ್ಟುಕೊಂಡು ಓದಿದೆ. ಎಲ್ಲೋ ನಡುವೆ ಒಂದು ವಾಕ್ಯ ಸಿಕ್ಕಿತು. ದನಕರು ಮೇಯಿಸುವವರಿಗೆ ತಮ್ಮ ಪ್ರಾಣಿಗಳು ವಾಹನಕ್ಕೆ ಬೆದರಿ ಹತೋಟಿ ತಪ್ಪಾವು ಎಂಬ ಭಯವಿದ್ದು ಅವರು ಕೇಳಿದರೆ, ಚಾಲಕ ವಾಹನ ನಿಲ್ಲಿಸಬೇಕು, ಅಗತ್ಯವಿರುವಷ್ಟು ಹೊತ್ತು ನಿಂತಿರಬೇಕು. ಅರ್ಥಾತ್, ಕಾನೂನಿಗೆ ಕುರಿ ಕಂಡಿತ್ತು. ಕಾಣದಿದ್ದದ್ದು ಫೋನಿಗೆ.

ಇನ್ನು ಬೇಕಾದದ್ದು ಆ ಹೆಂಗಸು. ಕುರಿಗಾರರು ಊರಲ್ಲಿ ಕೂತವರಲ್ಲ. ಬೆಳೆ ತೆಗೆದ ಹೊಲಗಳಲ್ಲಿ ಗೊಬ್ಬರಕ್ಕೆಂದು ಹಿಂಡನ್ನು ರಾತ್ರಿ ತರುಬಿ ನಿಲ್ಲಿಸುತ್ತ ದಿನಕ್ಕೊಂದು ಊರು ದಾಟುವವರು. ಮೊದಲ ಭಾನುವಾರ ಹೊಲದಿಂದ ಹೊಲಕ್ಕೆ ವಿಚಾರಿಸಿದ್ದೇ ಬಂತು. ಒಬ್ಬ ರೈತ, "ಇಂಡಿ ಕಡೀ ಮಂದಿ ಅವರು. ಸಿಂದಗಿ ಮ್ಯಾಲಿಂದ ಇಳದು ವರ್ಷಾ ಇದ ಹೊತ್ತಿಗೆ ಬರ್ತಾರ. ಎರಡು ದಿನಾ ನನ್ನ ಹೊಲದಾಗ ಇದ್ರು, ಈಗ ಮುದ್ದೇಬಿಹಾಳ ದಾರಿ ಹಿಡದಾರ ನೋಡ್ರಿ," ಎಂದ. ಎರಡನೆಯ ಭಾನುವಾರ ಮಧ್ಯಾಹ್ನ, ಮುದ್ದೇಬಿಹಾಳ ತಾಲೂಕಿನಲ್ಲಿ ತೊಗರಿ ಕೊಯ್ದ ಒಂದು ಎರೆ ಹೊಲದಲ್ಲಿ ಹಿಂಡು ಸಿಕ್ಕಿತು. ನಾನು ಕಾರಿನಿಂದ ಇಳಿಯುವ ಮೊದಲೇ ಆ ಹೆಂಗಸು ಎದ್ದು ನಿಂತಳು. ಅವಳ ಹೆಸರು ಲಕ್ಕವ್ವ.

"ಬಿಳಿ ಗಾಡಿ ಅಕ್ಕಾರ," ಎಂದಳು.

"ನನ್ನ ಗುರ್ತು ಹತ್ತಿತೇನವಾ?"

"ನಿಂತವರನ್ನ ಮರೀತೀವೇನ್ರಿ?"

ಕಂಬಳಿಯ ಮೇಲೆ ಅವಳ ಗಂಡ ಮಾಳಪ್ಪ ಕಾಲು ಚಾಚಿ ಕೂತಿದ್ದ. ಎಡ ಮೊಳಕಾಲು ಮುರಿದು ಅಡ್ಡಾದಿಡ್ಡಿ ಕೂಡಿಕೊಂಡಿತ್ತು. ನಾನು ಬಂದ ಕಾರಣ ಹೇಳಿದೆ. ನಿಲ್ಲಿಸಿದ್ದಕ್ಕೆ ದಂಡ ಹಾಕಿದ್ದಾರೆಂಬುದು ಅವಳಿಗೆ ಅರ್ಥವಾಗಲು ಮೂರು ಸಲ ಹೇಳಬೇಕಾಯಿತು. ಆಮೇಲೆ ಗಂಡನ ಕಾಲಿನ ಕಡೆ ಕೈ ತೋರಿಸಿದಳು.

"ಇದೂ ಅದ ಸೇತುವಿ ಮ್ಯಾಲ ಆದದ್ರಿ, ಹ್ವಾದ ವರ್ಷ. ಬರೇ ರಸ್ತಾ ಆದ್ರ ಗಾಡಿ ಕಂಡ ಕೂಡ್ಲೆ ಕುರಿ ಬಾಜೂಕ ಇಳಸ್ತೀವಿ. ಸೇತುವಿ ಮ್ಯಾಲ ಎಲ್ಲಿ ಇಳಸೂದ್ರಿ? ಎರಡೂ ಕಡೆ ಗೋಡಿ. ಅದಕ್ಕ ಇವ್ರು ಮುಂದ ನಿಂತು ಕೋಲು ಎತ್ತಿದ್ರು. ಕರೀ ಗಾಡಿ. ಹಾರ್ನ್ ಹೊಡಕೋತನ ಬಂತು, ನಿಂದರಲಿಲ್ಲ. ಆರು ಕುರಿ ಸತ್ವು. ಇವರನ್ನ ಗೋಡಿಗೆ ಒತ್ತಿ ಹೋತು."

"ಸ್ಟೇಷನ್ನಿಗೆ ಹೋಗಲಿಲ್ಲೇನು?"

"ಹೋಗಿದ್ದೆರಿ ನಾನ. ಗಾಡಿ ನಂಬರ್ ಹೇಳು ಅಂದ್ರು. ನನಗ ಓದಾಕ ಬರೂದಿಲ್ಲ. ಬಂದಿದ್ರೂ ಅದು ಓದೂ ಹೊತ್ತೇನ್ರಿ? ನಂಬರ್ ಇಲ್ಲಂದ್ರ ಬರಕೊಳ್ಳಾಕ ಬರೂದಿಲ್ಲ ಅಂದ್ರು. ಈ ಕಡೆ ಕುರಿ ಹಸದು ನಿಂತಿದ್ವು. ನಡದ್ವಿ."

ನಾನು ತೊಗರಿಯ ಕೂಳೆಗಳ ನಡುವೆ ಕೂತುಬಿಟ್ಟೆ. ಎರಡು ವಾರ ಎಷ್ಟು ಘನವಾದ ಸಿಟ್ಟನ್ನು ಹೊತ್ತು ತಿರುಗುತ್ತಿದ್ದೇನೆ ಎಂದು ನನ್ನ ಬಗ್ಗೆ ನನಗೇ ಅಭಿಮಾನವಿತ್ತು. ಅದೆಲ್ಲ ನನ್ನ ಹೆಸರಿಗೆ ಹತ್ತಿದ ಒಂದು ಕಲೆಯ ಸಲುವಾಗಿ, ನಾನು ತಪ್ಪು ಮಾಡದವಳು ಎಂದು ಒಂದು ಕಾಗದದಲ್ಲಿ ಬರೆಸಿಕೊಳ್ಳುವ ಸಲುವಾಗಿ. ನಿಂತವಳನ್ನು ಹಿಡಿಯಲು ಒಂದು ಫೋನು, ಒಂದು ನಿಯಮ, ಮೂರೇ ದಿನದಲ್ಲಿ ಒಂದು ನೋಟಿಸು. ನಿಲ್ಲದೆ ಹೋದವನಿಗೆ ಒಂದು ಹಾಳೆಯೂ ಇಲ್ಲ. ಸಿಟ್ಟು ಇಳಿಯಲಿಲ್ಲ. ಬೇರೆ ಕಡೆಗೆ ಹೊರಳಿತು.

"ಸ್ಟೇಷನ್ ಉಸಾಬರಿ ಬ್ಯಾಡ," ಎಂದ ಮಾಳಪ್ಪ. "ನಾವು ಹಾದಿ ಮಂದಿ."

"ಅವರು ನಮ್ಮ ಸಲುವಾಗಿ ನಿಂತಾರ," ಎಂದಳು ಲಕ್ಕವ್ವ, ಅಷ್ಟೇ. ಹಿಂಡನ್ನು ಒಂದು ದಿನ ಅವಳ ಮೈದುನ ನೋಡಿಕೊಳ್ಳುವುದೆಂದಾಯಿತು. ನಾನು ಸೋಮವಾರ ರಜೆ ಹಾಕಿ ಅವಳನ್ನು ಸ್ಟೇಷನ್ನಿಗೆ ಕರೆದುಕೊಂಡು ಹೋದೆ; ಮನೆಯವರೂ ಜೊತೆಗೆ ಬಂದರು.

ಕಾನೂನಿನ ವಾಕ್ಯವನ್ನು ದುಂಡಗಿನ ಅಕ್ಷರದಲ್ಲಿ ಬರೆದು ಒಯ್ದಿದ್ದೆ. ಸಾಹೇಬರು ಎರಡು ಸಲ ಓದಿ ಲಕ್ಕವ್ವನ ಕಡೆ ನೋಡಿದರು.

"ಗಾಡಿ ನಿಂದರಸು ಅಂತ ನೀ ಕೈ ಮಾಡಿದ್ದೇನವಾ?"

"ಕೈ ಮಾಡಿದ್ರ ಯಾರು ನಿಂದರತಾರ್ರಿ? ಸೆರಗು ಬೀಸಿದೆ." ಅವಳು ಬಾಗಿಲ ಹತ್ತಿರವಿದ್ದ ಪೇದೆಯನ್ನು ತೋರಿಸಿದಳು. "ಇವರೂ ಇದ್ರಲ್ರಿ. ನಮ್ಮ ಟಗರು ಇವರ ಪ್ಯಾಂಟ್ ಮೂಸಿ ನೋಡ್ತು, ಇವರು ಒದ್ರು."

ಪೇದೆ ತನ್ನ ಪ್ಯಾಂಟನ್ನೇ ನೋಡಿಕೊಂಡ. ಅವನಿಗೆ ಕುರಿ ನೆನಪಾದದ್ದು ಎಲ್ಲರಿಗೂ ಕಂಡಿತು. ಸಾಹೇಬರು, ಅವರ ಗುಣವನ್ನು ಹೇಳಲೇಬೇಕು, ಹೆಚ್ಚು ಎಳೆಯಲಿಲ್ಲ. "ರದ್ದು ಮಾಡಾಕ ಬರದು ಕಳಸ್ತೀನ್ರಿ. ನೀವಿನ್ನು ಹೋಗಬಹುದು," ಎಂದರು. ಮನೆಯವರು ನಿಟ್ಟುಸಿರು ಬಿಟ್ಟು ಎದ್ದು ನಿಂತರು. ನಾನು ಏಳಲಿಲ್ಲ.

"ಇನ್ನೊಂದು ಕೆಲಸ ಐತ್ರಿ. ಈಕೀದೊಂದು ದೂರು ಬರಕೋಬೇಕು."

ಎಲ್ಲವನ್ನೂ ಕೇಳಿದ ಮೇಲೆ ಅವರ ಮುಖ ಗಂಟಾಯಿತು. "ವರ್ಷ ಆತಲ್ರಿ ಮೇಡಂ. ನಂಬರ್ ಇಲ್ಲ, ಫೋಟೋ ಇಲ್ಲ, ಏನಂತ ಬರೀಲಿ?"

"ನನ್ನ ಫೋಟೋದಾಗ ಕುರಿ ಇರಲಿಲ್ಲ," ಎಂದೆ. "ಆದ್ರೂ ಇದ್ವು ಅಂತ ಈಗ ನೀವ ಒಪ್ಪಿದ್ರಿ. ನಾ ಹೇಳಿದಾಗ ಇರದ ಕುರಿ ಈಕಿ ಬಂದ ಮ್ಯಾಲ ಇದ್ವು. ಹಂಗಂದ್ರ ಈಕಿ ಮಾತು ನಂಬೂವಂಥಾದ್ದು. ಇದನ್ನೂ ನಂಬ್ರಿ."

ಸಾಹೇಬರು ಫ್ಯಾನಿನ ಕಡೆ ನೋಡಿದರು, ಪೇದೆಯ ಕಡೆ ನೋಡಿದರು. ಆಮೇಲೆ ಬಿಳಿ ಹಾಳೆಯೊಂದನ್ನು ನನ್ನತ್ತ ತಳ್ಳಿ, "ನೀವ ಬರೀರಿ," ಎಂದರು.

ಪೆನ್ನು ಹಿಡಿದಾಗ ನನ್ನ ತಲೆಯಲ್ಲಿ ನಿರ್ದಯ, ನಿರ್ಲಜ್ಜ, ಅಕ್ಷಮ್ಯ ಮುಂತಾದ ಪದಗಳು ಸಾಲುಗಟ್ಟಿದ್ದವು. ಒಂದನ್ನೂ ಬಳಸುವ ಪ್ರಸಂಗ ಬರಲಿಲ್ಲ. ಮಾಳಪ್ಪನ ಕಾಲಿನ ಸಂಗತಿ ಮುಗಿದ ಮೇಲೆ ಲಕ್ಕವ್ವ ನನ್ನ ಪಕ್ಕ ನೆಲದ ಮೇಲೆ ಕೂತು, ಕುರ್ಚಿ ಕೊಟ್ಟರೂ ಬೇಡವೆಂದು, ಒಂದೊಂದಾಗಿ ಹೇಳತೊಡಗಿದಳು. ಒಂದು ಕರಿ ಮುಖದ್ದು, ಕಿವಿ ಹರಿದಿದ್ದು. ಎರಡು ಒಂದೇ ತಾಯಿಯವು, ಯಾವಾಗಲೂ ಕೂಡಿಯೇ ಮೇಯುತ್ತಿದ್ದವು. ಒಂದು ಗಬ್ಬವಿತ್ತು, ಇನ್ನು ಎಂಟು ದಿನಕ್ಕೆ ಈಯುವುದಿತ್ತು. ಒಂದು ಬಿಳೇದು, ಮುಂಗಾಲಿಗೆ ಕಂದು ಪಟ್ಟೆ. ಒಂದು ಮುದುಕಿ, ಹಲ್ಲಿರಲಿಲ್ಲ, ಅದಕ್ಕೆ ಇವಳೇ ಸೊಪ್ಪು ಹರಿದು ತಿನ್ನಿಸಬೇಕಾಗುತ್ತಿತ್ತು.

"ಆರು ಕುರಿ ಅಂತ ಬರದ್ರ ಸಾಕ್ರಿ," ಎಂದರು ಸಾಹೇಬರು.

"ಆರು ಅಂದ್ರ ಯಾವ ಆರು ಅಂತ ಹ್ಯಾಂಗ ತಿಳೀತೈತ್ರಿ?" ಎಂದು ಲಕ್ಕವ್ವ ನಿಜವಾಗಿಯೂ ತಿಳಿಯದೆ ಕೇಳಿದಳು.

ನಾನು ಆರನ್ನೂ ಬರೆದೆ. ಅವಳು ಹೆಬ್ಬೆಟ್ಟು ಒತ್ತಿದಳು. ಒಂದು ಪ್ರತಿಗೆ ಮೊಹರು ಹಾಕಿ ಅವಳ ಕೈಗೇ ಕೊಟ್ಟರು. ಇದರಿಂದ ಏನಾಯಿತೆಂದು ನೀವು ಕೇಳಿದರೆ, ಇದನ್ನು ಬರೆಯುವ ಹೊತ್ತಿಗೆ ಏನೂ ಆಗಿಲ್ಲ. ಕರಿ ಗಾಡಿ ಸಿಕ್ಕಿಲ್ಲ, ಸಿಗುವ ಲಕ್ಷಣವೂ ಕಾಣುತ್ತಿಲ್ಲ. ಶನಿವಾರ ಶಾಲೆ ಬಿಟ್ಟ ಮೇಲೆ ನಾನು ಸ್ಟೇಷನ್ನಿಗೆ ಹೋಗಿ ವಿಚಾರಿಸುತ್ತೇನೆ. ಪೇದೆ ನನ್ನನ್ನು ಕಂಡೊಡನೆ ಕುರ್ಚಿ ಒರೆಸುತ್ತಾನೆ. ಅದರಿಂದಲೂ ನನಗೆ ಸಿಟ್ಟೇ ಬರುತ್ತದೆ.

ಆ ಸೋಮವಾರ ಲಕ್ಕವ್ವನನ್ನು ಹಿಂಡಿಗೆ ಬಿಡಲು ಹೊರಟಾಗ, ಊರು ದಾಟಿದ ಮೇಲೆ ಅವಳು ಹಿಂದಿನ ಸೀಟಿನಿಂದ, "ಏನು ಬರದೀರಿ, ಒಮ್ಮೆ ಓದಿ ಹೇಳ್ರಿ ಅಕ್ಕಾರ," ಎಂದಳು. ರಸ್ತೆ ಅಗಲವಿದ್ದ ಕಡೆ, ಬೇವಿನ ಮರದ ಕೆಳಗೆ, ನಿಯಮಾನುಸಾರ ಕಾರು ನಿಲ್ಲಿಸಿ ಓದಿದೆ. ಅವಳು ಕಣ್ಣು ಮುಚ್ಚಿ ಕೇಳಿದಳು. ಐದನೆಯ ಕುರಿಗೆ ಬಂದಾಗ ಕಣ್ಣು ತೆರೆದಳು.

"ಬಲಗಾಲು ಅಂತ ಬರದೀರೇನ್ರಿ?"

"ಹೌದವಾ. ಬಲಗಾಲಿಗೆ ಕಂದು ಪಟ್ಟಿ."

"ಎಡಗಾಲ್ರಿ ಅದು." ಆಮೇಲೆ ಸಂಕೋಚದಿಂದ, "ಇರಲಿ ಬಿಡ್ರಿ, ಭಾಳ ದೂರ ಬಂದೀವಿ," ಎಂದಳು.

ನಮ್ಮ ಮನೆಯವರು ನನ್ನ ಮುಖ ನೋಡಿ, ಬಿಚ್ಚಿದ್ದ ಸೀಟ್‌ಬೆಲ್ಟನ್ನು ಮತ್ತೆ ಹಾಕಿಕೊಂಡರು. ನಾನು ಮುಂದೆ ಹಿಂದೆ ನೋಡಿ ಕಾರನ್ನು ಸ್ಟೇಷನ್ನಿನ ಕಡೆ ತಿರುಗಿಸಿದೆ.