ಲಿಲ್ಲಿಯ ಹೆಸರಿಲ್ಲದ ಚೀಟಿ

ವಿಲಿಯಂ, ಸುಳ್ಳು ಹೇಳಿದ್ದು ನಿಮ್ಮ ಅಮ್ಮ ಅಲ್ಲ, ನಾನು. ಮೊಮ್ಮಗಳು ರಿಯಾಳ ಕಾಯಿಲೆ ನನ್ನ ತವರಿನದು. ಎರಡು ವರ್ಷದಿಂದ ನನಗೆ ಗೊತ್ತಿತ್ತು.

ನಾನು ಓದಿದ್ದು ಬಂಟ್ವಾಳದಲ್ಲಿ ನಾಲ್ಕನೇ ಕ್ಲಾಸು. ಬರೆಯಲು ಬರುವುದು ಇಷ್ಟೇ ಕನ್ನಡ. ಎದುರು ನಿಂತು ಹೇಳಹೊರಟರೆ ಅರ್ಧ ನುಂಗಿಬಿಡುತ್ತೇನೆ — ನನ್ನನ್ನು ನಾನು ಬಲ್ಲೆ. ಅದಕ್ಕೇ ಈ ಕಾಗದ.

ನನಗೊಬ್ಬಳು ಅಕ್ಕ ಇದ್ದಳು, ಲಿಲ್ಲಿ. ಇದು ನಿಮ್ಮ ಹೆಂಡತಿ ಜೆಸಿಂತಾಗೂ ಗೊತ್ತಿಲ್ಲ. ಹೆತ್ತ ಮಗಳಿಗೂ ನಾನು ಹೇಳಿಲ್ಲ. ಲಿಲ್ಲಿ ಗಿಡ್ಡ, ಬೇಗ ಸುಸ್ತಾಗುತ್ತಿದ್ದಳು, ಹದಿನೈದಕ್ಕೆಲ್ಲ ಕಿವಿ ಮಂದ. ಆಮೇಲೆ ಫಿಟ್ಸ್. ಪ್ರತಿ ಸಲವೂ ಬೀಳುವ ಮೊದಲು ಎಡಕ್ಕೆ ಕತ್ತು ತಿರುಗಿಸಿ, ಏನೂ ಇಲ್ಲದ ಗೋಡೆ ನೋಡುತ್ತಾ, ಕೊಂಕಣಿಯಲ್ಲಿ ಒಂದೇ ಮಾತು ಕೇಳುತ್ತಿದ್ದಳು — ಅಲ್ಲಿ ಯಾರು ಕೆಂಪು ಬಟ್ಟೆ ಕೊಡವುತ್ತಿರುವುದು ಎಂದು. ಹತ್ತೊಂಬತ್ತಕ್ಕೆ ಸತ್ತಳು. ಅಮ್ಮನ ತಮ್ಮನೂ ಹೀಗೇ ಹೋದದ್ದಂತೆ.

ನವೆಂಬರಿನಲ್ಲಿ ನಾವು ಸತ್ತವರ ಹೆಸರು ಚೀಟಿಯಲ್ಲಿ ಬರೆದು ಇಗರ್ಜಿಗೆ ಕೊಡುತ್ತೇವೆ. ಪಾದ್ರಿಗಳು ಪೂಜೆಯಲ್ಲಿ ಓದುತ್ತಾರೆ. ಲಿಲ್ಲಿಯ ಹೆಸರು ಬರೆಯಲು ಅಮ್ಮ ಬಿಡಲಿಲ್ಲ. ಓದಿದರೆ ಜನ ನೆನೆಸಿಕೊಳ್ಳುತ್ತಾರೆ, ನನಗೆ ಗಂಡು ಸಿಗುವುದಿಲ್ಲ, ಮೊದಲು ನನ್ನ ಮದುವೆ ಆಗಲಿ ಎಂದಳು. ಆಯಿತು. ಆಮೇಲೆ ಜೆಸಿಂತಾಳದು ಆಗಲಿ ಎಂದು ನಾನು... ನೈರೋಬಿಗೆ ಬಂದ ಮೇಲೂ ವರ್ಷ ವರ್ಷ ಚೀಟಿ ಬರೆದೆ. ಗಂಡನ ಹೆಸರು, ಅಪ್ಪ ಅಮ್ಮನ ಹೆಸರು. ಅವಳದಿಲ್ಲ.

ರಿಯಾಗೆ ಏಳಾಗಿತ್ತು. ಪಂಗಾನಿಯ ಈ ಮನೆ, ಮಧ್ಯಾಹ್ನ, ಕೆಳಗೆ ರಸ್ತೆಯಲ್ಲಿ ಮಟಾಟು ಬಸ್ಸುಗಳ ಹಾಡು. ಸೋಫಾದಲ್ಲಿ ಕರಿದ ಮಂದಾಜಿ ತಿನ್ನುತ್ತಿದ್ದ ಮಗು ನಿಲ್ಲಿಸಿ ಎಡಕ್ಕೆ ತಿರುಗಿತು. ಇಂಗ್ಲಿಷಿನಲ್ಲಿ ಕೇಳಿತು, ನನಗೆ ಅಷ್ಟು ಅರ್ಥವಾಗುತ್ತದೆ — ಗ್ರ್ಯಾನಿ, ಅಲ್ಲಿ ಯಾರು ಕೆಂಪು ಬಟ್ಟೆ ಕೊಡವುತ್ತಿರುವುದು?

ಆ ಮಾತನ್ನು ಈ ಮನೆಯಲ್ಲಿ ಯಾರೂ ಆಡಿದ್ದಿಲ್ಲ. ಧ್ವನಿ ಮಗುವಿನದು. ಕತ್ತು ಲಿಲ್ಲಿಯದು. ಮಗು ಬೀಳುವ ಮೊದಲೇ ನಾನು ನೆಲಕ್ಕೆ ದಿಂಬು ಹಾಕಿದ್ದೆ. ಮನೆಗೆಲಸದ ಎಸ್ತರ್ ಅದನ್ನು ನೋಡಿದಳು — ದಿಂಬು ಮೊದಲು, ಬೀಳುವುದು ಆಮೇಲೆ. ಅವತ್ತಿನಿಂದ ನಾನೊಬ್ಬಳೇ ಇರುವ ಕೋಣೆಗೆ ಅವಳು ಬರುವುದಿಲ್ಲ.

ಆಸ್ಪತ್ರೆಯಲ್ಲಿ ಡಾಕ್ಟರು ಕಾಗದದ ಮೇಲೆ ಮನೆತನ ಬರೆದರು. ಹೆಂಗಸರಿಗೆ ಸುತ್ತು, ಗಂಡಸರಿಗೆ ಚೌಕ. ತಾಯಿಯ ಕಡೆ ಯಾರಿಗಾದರೂ ಫಿಟ್ಸ್, ಕಿವುಡು, ಸಣ್ಣ ಪ್ರಾಯದ ಸಾವು? ಜೆಸಿಂತಾ ನನ್ನ ಮುಖ ನೋಡಿದಳು.

"ಯಾರೂ ಇಲ್ಲ," ಎಂದೆ. ಅಲ್ಲಿಗೆ ನಿಲ್ಲಿಸಿದ್ದರೆ... ನಿಮ್ಮ ಕಡೆ ಕೈ ತೋರಿಸಿದೆ. "ಇವರ ಕಡೆ ಕೇಳಿ. ಇವರ ಚಿಕ್ಕಪ್ಪ ಬಿದ್ದು ಸತ್ತದ್ದು."

ಅವರು ಮನೆಯ ಮಾಡಿನಿಂದ ಕಾಲು ಜಾರಿ ಬಿದ್ದದ್ದು. ನನಗೆ ಗೊತ್ತಿತ್ತು. ನೀವು ಮೈಸೂರಿನವರು, ನಮ್ಮ ಕಡೆಯವರಲ್ಲ. ನಿಮ್ಮ ಮೇಲೆ ಹಾಕುವುದು ಸುಲಭವಾಯಿತು.

ಆ ಭಾನುವಾರ ನೀವು ಫೋನಿನಲ್ಲಿ ಕೂಗಿದಿರಿ. "ಅಮ್ಮ, ಸುಳ್ಳು ಹೇಳ್ಬೇಡ. ನಮ್ಮ ಮನೇಲಿ ಯಾರಿಗಿತ್ತು ಹೇಳು." ಯಾರಿಗೂ ಇಲ್ಲ ಮಗ ಎಂದರು ಅವರು. ನೀವು ನಂಬಲಿಲ್ಲ, ಮಾತೇ ಬಿಟ್ಟಿರಿ. ನಾನು ಅಡುಗೆಮನೆಯಲ್ಲಿ ಮೀನು ಕೊಯ್ಯುತ್ತಿದ್ದೆ. ಕೊಯ್ದು ಮುಗಿಸಿದೆ.

ಎರಡು ವರ್ಷ ಬರೀ ಫಿಟ್ಸ್ ಎಂದು ಮಾತ್ರೆ ಕೊಟ್ಟರು. ರಿಯಾ ಈಗ ಒಂದು ಮಾಳಿಗೆ ಹತ್ತಿದರೆ ಕೂರುತ್ತದೆ, ಹಿಂದಿನಿಂದ ಕರೆದರೆ ಕೇಳುವುದಿಲ್ಲ. ಹೋದ ವಾರ ಹೊಸ ಡಾಕ್ಟರಮ್ಮ ಹೇಳಿದ್ದು ನೆನಪಿದೆಯಲ್ಲ — ಮೈಗೆ ಶಕ್ತಿ ಮಾಡುವ ಸಣ್ಣ ಕಣಗಳು, ಮೈಟೊಕಾಂಡ್ರಿಯಾ, ಅವು ಕೆಟ್ಟರೂ ಹೀಗಾಗುತ್ತದೆ. ಅದರಲ್ಲಿ ಒಂದು ಬಗೆ ತಾಯಿಯಿಂದ ಮಾತ್ರ ಬರುತ್ತದೆ. ಜೀನ್ ಪರೀಕ್ಷೆ ಮಾಡಿದರೇ ಖಚಿತ. ಎಲ್ಲಿ ಹುಡುಕಬೇಕೆಂದು ತಿಳಿದಿದ್ದರೆ ಬೇಗ, ಇಲ್ಲದಿದ್ದರೆ ತಿಂಗಳುಗಟ್ಟಲೆ. ಅದೇ ಆಗಿದ್ದರೆ ಈಗಿನ ಮಾತ್ರೆಯೇ ಕೆಡುಕು ಮಾಡಬಹುದಂತೆ. ತಾಯಿಯ ಕಡೆ ಯಾರಾದರೂ ಎಂದು ಅವರೂ ಕೇಳಿದರು. ಇಲ್ಲ ಎಂದು ಜೆಸಿಂತಾ ಹೇಳಿದಳು, ನನ್ನನ್ನು ನಂಬಿ. ನಾನು ಪಕ್ಕದಲ್ಲೇ ಕೂತಿದ್ದೆ.

ಮೊನ್ನೆ ರಿಯಾ ಹೇಳಿತು, ಬಟ್ಟೆ ಕೊಡವುವವಳ ತಲೆ ಬೋಳು ಎಂದು. ಕೊನೆಯ ಜ್ವರದಲ್ಲಿ ಲಿಲ್ಲಿಯ ಕೂದಲು ತೆಗೆಸಿದ್ದೆವು. ನಾನು ದೆವ್ವ ನಂಬುವವಳಲ್ಲ. ಆದರೆ — ಒಳ್ಳೆಯವಳಾಗಿ ಬರೆಯುತ್ತಿದ್ದೇನೆ ಎಂದುಕೊಳ್ಳಬೇಡಿ. ಹೆದರಿ ಬರೆಯುತ್ತಿದ್ದೇನೆ.

ಮಾತ್ರೆಯ ವಿಷಯ ಈಗಲೇ ಡಾಕ್ಟರಮ್ಮನಿಗೆ ಫೋನ್ ಮಾಡಿ ಕೇಳಿ. ಸೋಮವಾರ ರಿಯಾಳ ರಕ್ತ ತೆಗೆಯುವಾಗ ನಾನೂ ಬರುತ್ತೇನೆ. ಅಕ್ಕನದು, ಮಾವನದು, ಇದಕ್ಕೇ ಸೇರಿದ್ದಿರಬಹುದಾದ ನನ್ನ ಸಕ್ಕರೆ ಕಾಯಿಲೆ, ಎಲ್ಲ ನನ್ನ ಬಾಯಿಂದಲೇ ಹೇಳುತ್ತೇನೆ. ರಕ್ತದಲ್ಲಿ ಕಾಣದ್ದು ಮೂತ್ರದಲ್ಲಿ ಕಾಣಬಹುದಂತೆ, ಎರಡೂ ಕೊಡುತ್ತೇನೆ. ಜೆಸಿಂತಾ ಆಮೇಲೆ ನನ್ನ ಮುಖ ನೋಡದಿದ್ದರೆ ನೋಡದಿರಲಿ.

ಆಮೇಲೆ ಮೈಸೂರಿಗೆ ಫೋನ್ ಮಾಡಿ ನನಗೆ ಕೊಡಿ. ನಿಮ್ಮ ಅಮ್ಮ ಬೈಯುತ್ತಾರೆ. ಅವರು ಬೈದು ಮುಗಿಸುವವರೆಗೆ ಫೋನನ್ನು ನನ್ನ ಕೈಯಿಂದ ತೆಗೆದುಕೊಳ್ಳಬೇಡಿ.