ಡೆಲ್ಫಿನ್ ಸಿದ್ದಿಯ ಕವಂದ

ಡೆಲ್ಫಿನ್ ಸಿದ್ದಿ ಹಳಿಯಾಳದ ಕಡೆಯವಳು. ದುಬೈನ ಅಲ್ ಕುಸೈಸ್‌ನ ಒಂದು ಶಾಲೆಯಲ್ಲಿ ಹನ್ನೊಂದು ವರ್ಷ ಕ್ಲೀನಿಂಗ್ ಕೆಲಸ ಮಾಡಿದಳು. ರಜೆಯ ದಿನ ಇಂಟರ್‌ನ್ಯಾಷನಲ್ ಸಿಟಿಯಲ್ಲಿ ಹಲವರು ಹಂಚಿಕೊಂಡ ಕೋಣೆಯ ತನ್ನ ಬೆಡ್‌ಸ್ಪೇಸಿನಲ್ಲಿ ಕಾಲು ಚಾಚಿ ಕೂತು ಕೌದಿ ಹೊಲಿಯುತ್ತಿದ್ದಳು. ಶತಮಾನಗಳ ಹಿಂದೆ ಆಫ್ರಿಕಾದಿಂದ ಬಂದು ನೆಲೆಸಿದವರ ವಂಶದ ಸಿದ್ದಿಯರು ಅದಕ್ಕೆ ಕವಂದ ಎನ್ನುತ್ತಾರೆ. ಹಳೆ ಸೀರೆ, ಟೈಲರ್ ಅಂಗಡಿಯ ಚೂರು, ಹರಿದ ಯೂನಿಫಾರ್ಮು ಏನಾದರೂ ಸರಿ; ಅಂಚಿನಿಂದ ಶುರುಮಾಡಿ ಸುತ್ತುತ್ತ ನಡುವಿಗೆ ಬರುವ ಕೈಹೊಲಿಗೆ. ಕೊನೆಗೆ ನಾಲ್ಕು ಮೂಲೆಗೂ ಬಟ್ಟೆ ಮಡಚಿ ಹೊಲಿದ ‘ಫೂಲ’. ಅದಿಲ್ಲದ ಕವಂದ ಬತ್ತಲೆ ಎಂದು ಅಜ್ಜಿ ಕಲಿಸಿದ್ದಳು.

ಅದೇ ಶಾಲೆಯ ಟೀಚರ್ ಜೆಸ್ಸಿಕಾ ಪಾಯ್ಸ್, ಮಂಗಳೂರಿನವಳು. ಮೊದಲ ದಿನ ಹಿಂದಿಯಲ್ಲಿ ಮಾತಾಡಿಸಿದಳು. ಡೆಲ್ಫಿನ್ ಕೊಂಕಣಿಯಲ್ಲಿ ಉತ್ತರಿಸಿದಾಗ ನಕ್ಕು, ನಮ್ಮ ಭಾಷೆ ನಿನಗೆಲ್ಲಿ ಸಿಕ್ಕಿತು, ಆಫ್ರಿಕಾದವಳು ಅಂದುಕೊಂಡಿದ್ದೆ ಎಂದಳು. ಡೆಲ್ಫಿನ್ ಆ ನಗುವನ್ನು ಮರೆಯಲಿಲ್ಲ. ಆದರೂ ಊರವರ ಸಂಘದ ಕರಕುಶಲ ಪ್ರದರ್ಶನಕ್ಕೆಂದು ಜೆಸ್ಸಿಕಾ ಕೇಳಿದಾಗ, ತನ್ನ ಹೆಸರು ಮತ್ತು ಊರು ಬರೆಯಬೇಕು ಎಂದು ಹೇಳಿ ಮೂರು ದಿನಕ್ಕೆ ಕವಂದ ಕೊಟ್ಟಳು.

ಪ್ರದರ್ಶನದ ದಿನ ಹೋಗಿ ನೋಡಿದರೆ ಕವಂದ ಚೌಕಟ್ಟಿನಲ್ಲಿತ್ತು. ನಾಲ್ಕೂ ಫೂಲ ಕತ್ತರಿಸಿದ್ದರು. ಕೆಳಗಿನ ಚೀಟಿಯಲ್ಲಿ ‘ಕರಾವಳಿಯ ಕೌದಿ, ಸಂಗ್ರಹ: ಜೆಸ್ಸಿಕಾ ಪಾಯ್ಸ್’ ಎಂದಿತ್ತು.

ಚೌಕಟ್ಟಿಗೆ ಹಿಡಿಸಲಿಲ್ಲ, ನಾಲ್ಕು ಚೂರಿಗೆ ಯಾಕಿಷ್ಟು ರಂಪ, ಹಿಂದೆ ಹೋಗಿ ಊಟ ಮಾಡು ಎಂದಳು ಜೆಸ್ಸಿಕಾ.

“ಕವಂದ ಇಳಿಸು,” ಎಂದಳು ಡೆಲ್ಫಿನ್. ಅಲ್ಲಿಯವರೆಗೆ ಅವಳಿಗೆ ಮೇಡಂ ಎನ್ನುತ್ತಿದ್ದಳು.

“ಯಾರ ಹತ್ತಿರ ಮಾತಾಡ್ತಿದ್ದೀಯ, ಗೊತ್ತುಂಟಾ?”

“ಗೊತ್ತು. ಕತ್ತರಿ ಹಿಡಿದವಳ ಹತ್ತಿರ.”

ಕುರ್ಚಿ ಎಳೆದು, ಹತ್ತಿ, ಪಿನ್ನುಗಳನ್ನು ತಾನೇ ಕಿತ್ತಳು. ಯಾರೂ ತಡೆಯಲಿಲ್ಲ, ಯಾರೂ ಕೈಜೋಡಿಸಲೂ ಇಲ್ಲ. ಸಮಿತಿಯ ಫ್ಲಾಯ್ಡ್ ಮೊಬೈಲಿನಲ್ಲಿ ವೀಡಿಯೊ ತೆಗೆಯುತ್ತ ನಿಂತಿದ್ದ.

ಜೆಸ್ಸಿಕಾ ಶಾಲೆಗೆ ದೂರು ಕೊಟ್ಟಳು. ಕ್ಷಮಾಪತ್ರಕ್ಕೆ ಸಹಿ ಹಾಕು, ವಿಷಯ ಖಲಾಸ್ ಎಂದರು ಅವಳನ್ನು ಕೆಲಸಕ್ಕಿಟ್ಟ ಕ್ಲೀನಿಂಗ್ ಕಂಪನಿಯವರು. ಡೆಲ್ಫಿನ್ ಹಾಕಲಿಲ್ಲ. ಅವಳನ್ನು ಅಬುಧಾಬಿಯ ಖಲೀಫಾ ಸಿಟಿಗೆ ವರ್ಗ ಮಾಡಿದರು. ಗುರುತಿನವರನ್ನೆಲ್ಲ ಬಿಟ್ಟು ಹೋಗುವಾಗ ಬಸ್ಸಿನಲ್ಲಿ ಅತ್ತಳು. ಅದು ಪಶ್ಚಾತ್ತಾಪವಲ್ಲ, ಸಿಟ್ಟು.

ಮರುವರ್ಷ ಸಂಘದ ಹುಡುಗಿ ಆನ್ ಮರಿಯಾ ಅಲ್ಲಿಗೇ ಹುಡುಕಿಕೊಂಡು ಬಂದಳು. ಇಪ್ಪತ್ತು ಹೆಂಗಸರಿಗೆ ಕವಂದ ಹೊಲಿಯಲು ಕಲಿಸಬೇಕಂತೆ, ಈ ಸಲ ವೇದಿಕೆಯ ಮೇಲೆ ಸನ್ಮಾನವೂ ಇದೆಯಂತೆ. ಡೆಲ್ಫಿನ್ ಅವಳನ್ನು ಒಳಗೆ ಕರೆಯಲಿಲ್ಲ.

“ಹಳಿಯಾಳಕ್ಕೆ ಹೋಗಿ ಸಿದ್ದಿಯರ ಅಂಗಳದಲ್ಲಿ ಕೂತು ಕಲೀರಿ,” ಎಂದಳು. “ಅವರು ನೆಲದ ಮೇಲೆ ಕೂತ್ಕೊಳ್ಳಿ ಅಂದ್ರೆ ನೆಲದ ಮೇಲೇ.”

ಸಂಘದಿಂದ ಇವತ್ತಿನವರೆಗೆ ಯಾರೂ ಹೋಗಿಲ್ಲ.